ಅರಿಶಿನದ ನೂಲು ಕಟ್ಟಿದ ಐವತ್ತೆಂಟು ಗಿಡ

ನಾನು ಡಿಗ್ರಿ ಮುಗಿಸುವುದು ಆಗದ ಮಾತು ಎಂದವರು ನನ್ನ ಸೋದರಮಾವ ಬೊಮ್ಮಯ್ಯ. ಬೆನ್ನ ಹಿಂದೆ ಅಂದದ್ದಲ್ಲ. ಹನುಮಂತನಪಟ್ಟಿಯಲ್ಲಿ ಅಜ್ಜಿಯ ಮನೆಯ ಜಗಲಿಯ ಮೇಲೆ ಕೂತು, ಬಾಯಲ್ಲಿದ್ದ ಎಲೆಯಡಿಕೆ ಉಗುಳಿ ಬಂದು, ನನ್ನ ಮುಖ ನೋಡಿಕೊಂಡೇ ಅಂದರು.

"ಪಡಿಪ್ಪು ನಮ್ ಮನೆಗೆ ಆಗ್ದು, ಪಾಪಾ. ನಿಮ್ಮವ್ವ ಐದಕ್ಕೆ ಬಿಟ್ಲು. ನಾನು ಏಳಕ್ಕೆ ಬಿಟ್ಟೆ. ನೀನು ಹನ್ನೆರಡು ಮುಗ್ಸಿದ್ದೇ ದೊಡ್ಡದು. ಮಿಲ್ಲಿನಾಗೆ ನಿನ್ ಜಾಗ ಹಂಗೇ ಇಟ್ಟಿರಕ್ಕೆ ಹೇಳೀನಿ. ಒಂದು ಅರಿಯರ್ ಬೀಳ್ಲಿ, ನಾನೇ ಬಂದು ಕರ್ಕೊಂಡು ಹೋಗ್ತೀನಿ."

ಪಡಿಪ್ಪು ಅಂದರೆ ಓದು, ಅರಿಯರ್ ಅಂದರೆ ಫೇಲಾಗಿ ಮುಂದಿನ ವರ್ಷಕ್ಕೆ ಉಳಿಯುವ ಪೇಪರು. ನಮ್ಮ ಕಡೆ ಆ ಮಾತಿಗೆ ಹೆದರದ ವಿದ್ಯಾರ್ಥಿ ಇಲ್ಲ. ನಾನು ಸ್ವಲ್ಪ ಹೆಚ್ಚೇ ಹೆದರುತ್ತಿದ್ದೆ. ಅಪ್ಪ ನಾನು ಚಿಕ್ಕವಳಿದ್ದಾಗಲೇ ತೀರಿಹೋಗಿದ್ದರು, ಅವ್ವ ದ್ರಾಕ್ಷಿ ತೋಟಗಳಲ್ಲಿ ಕೆಲಸ ಮಾಡುತ್ತಿದ್ದಳು. ಹನ್ನೆರಡನೇ ಕ್ಲಾಸು ಮುಗಿದ ಮೇಲೆ ಮಾಮನೇ ನನ್ನನ್ನು ವೇದಸಂದೂರಿನ ಒಂದು ನೂಲಿನ ಮಿಲ್ಲಿಗೆ ಸೇರಿಸಿದ್ದರು. ಎರಡು ವರ್ಷ ಅಲ್ಲಿ ಓಡುವ ಯಂತ್ರಗಳ ಸಾಲಿನ ಮುಂದೆ ನಡೆಯುತ್ತ, ತುಂಡಾದ ಎಳೆಗಳನ್ನು ಹೆಣೆದು ಕೂಡಿಸಿದ ಮೇಲೆ ನಾನು ಕಾಲೇಜಿಗೆ ಅರ್ಜಿ ಹಾಕಿದ್ದು. ಸಿಕ್ಕಿದ್ದು ಸಸ್ಯಶಾಸ್ತ್ರ. ಬೇರೆ ಸೀಟು ಇರಲಿಲ್ಲ.

ಈಗ ನಾನು ಕೊಳ್ಳೇಗಾಲದ ಕಡೆ ಒಂದು ಸಸಿತೋಟದಲ್ಲಿ ಕೆಲಸ ಮಾಡುತ್ತೇನೆ. ಕನ್ನಡ ನನ್ನ ಮನೆಮಾತಾದರೂ ಅದರ ಅಕ್ಷರ ಕಲಿತದ್ದು ಇಲ್ಲಿಗೆ ಬಂದ ಮೇಲೆ. ನಮ್ಮವರು ಎಷ್ಟೋ ತಲೆಮಾರಿನ ಹಿಂದೆ ತಮಿಳುನಾಡಿನ ಕಂಬಂ ಕಣಿವೆಗೆ ಹೋಗಿ ನೆಲೆ ನಿಂತವರು. ಆಡುವುದಕ್ಕೆ ಕನ್ನಡ, ಓದುವುದಕ್ಕೆ ತಮಿಳು. ಮೊನ್ನೆ ತೋಟದಲ್ಲಿ ಕೆಲಸದ ಹೆಂಗಸೊಬ್ಬಳು ಕಸಿ ಗಿಡಗಳಿಗೆ ಗುರುತು ಕಟ್ಟಲು ಹತ್ತಿಯ ದಾರವನ್ನು ಅರಿಶಿನದ ನೀರಿಗೆ ಅದ್ದುತ್ತಿದ್ದಳು. ಒದ್ದೆ ನೂಲು, ಹಸಿ ಅರಿಶಿನ. ಆ ವಾಸನೆ ಮೂಗಿಗೆ ತಾಗಿದ್ದೇ ನಾನು ಕೈಯಲ್ಲಿದ್ದ ಸಸಿಯನ್ನು ಕೆಳಗಿಟ್ಟು ನಿಂತುಬಿಟ್ಟೆ.

"ಬೇರೆ ಬಣ್ಣ ಹಾಕು, ತಾಯಿ," ಅಂದೆ.

"ಯಾಕಮ್ಮ, ಇದು ಚೆನ್ನಾಗಿ ಕಾಣ್ತದಲ್ಲ?"

ಚೆನ್ನಾಗಿ ಕಾಣುತ್ತದೆ. ನನ್ನ ತೊಂದರೆ ಅದೇ ಆಗಿತ್ತು.

ಕಾಲೇಜಿನ ಕೊನೆಯ ವರ್ಷ ಪ್ರತಿಯೊಬ್ಬರೂ ಒಂದು ಪ್ರಾಜೆಕ್ಟ್ ಮಾಡಬೇಕಿತ್ತು. ನನ್ನ ಮೇಡಂ ನನಗೆ ಕೊಟ್ಟದ್ದು ಕಣ್ವಲಿ ಗಿಡ. ಕನ್ನಡದಲ್ಲಿ ಅದನ್ನು ಗೌರಿ ಹೂ ಅನ್ನುತ್ತಾರೆ, ಅಗ್ನಿಶಿಖೆ ಅಂತಲೂ ಅನ್ನುತ್ತಾರೆ ಎಂದು ಆಮೇಲೆ ತಿಳಿಯಿತು. ಒಣ ಗುಡ್ಡದ ತಪ್ಪಲಲ್ಲಿ, ಮುಳ್ಳು ಪೊದೆಗಳ ನಡುವೆ ಬೆಳೆಯುತ್ತದೆ. ಬೇಸಿಗೆಯಲ್ಲಿ ನೆಲದ ಮೇಲೆ ಏನೂ ಇರುವುದಿಲ್ಲ. ಗೆಡ್ಡೆ ಮಾತ್ರ ಮಣ್ಣಿನೊಳಗೆ ನೇಗಿಲಿನ ಹಾಗೆ ಎರಡು ಕಾಲು ಚಾಚಿ ಮಲಗಿರುತ್ತದೆ. ಮಳೆ ಬಿದ್ದರೆ ಏಳುತ್ತದೆ. ಎಲೆಯ ತುದಿಯೇ ಸುರುಳಿಯಾಗಿ ಸಿಕ್ಕಿದ ಕೊಂಬೆಯನ್ನು ಹಿಡಿದುಕೊಂಡು ಹತ್ತುತ್ತದೆ. ಹೂವು ಅರಳುವಾಗ ಹಸಿರು ಹಳದಿ, ಮಾರನೆಯ ದಿನ ಬುಡ ಹಳದಿ ತುದಿ ಕೆಂಪು, ಆಮೇಲೆ ಎಲ್ಲ ಕೆಂಪು. ದಳಗಳು ಕೆಳಗೆ ಇಳಿಬೀಳದೆ ಮೇಲಕ್ಕೆ ಮಡಚಿಕೊಂಡಿರುತ್ತವೆ, ಗಾಳಿಗೆ ಸಿಕ್ಕಿದ ಒಲೆಯ ಉರಿಯ ಹಾಗೆ. ಬೇರಿನಿಂದ ಬೀಜದವರೆಗೆ ವಿಷ. ಆ ವಿಷದಿಂದಲೇ ಔಷಧಿ ಮಾಡುತ್ತಾರೆ, ಆದ್ದರಿಂದ ಬೀಜಕ್ಕೆ ಬೇಡಿಕೆ.

ಮಾಮನಿಗೆ ಈ ಗಿಡದ ಹೊಲವೇ ಇತ್ತು. ವೇದಸಂದೂರಿನ ಹತ್ತಿರ, ಅತ್ತೆಯ ತವರಿನ ಭೂಮಿಯಲ್ಲಿ, ತಂತಿ ಕಟ್ಟಿ ಬಳ್ಳಿ ಹಬ್ಬಿಸಿದ್ದರು. ಮಿಲ್ಲಿನಲ್ಲಿದ್ದಾಗ ರಜೆಯ ದಿನ ನಾನು ಅಲ್ಲಿಗೆ ಹೋಗುತ್ತಿದ್ದೆ. ಬೆಳಗಿನ ಹೊತ್ತು ಒಂದು ಹೂವಿನ ಪರಾಗವನ್ನು ಇನ್ನೊಂದು ಹೂವಿನ ಕಡ್ಡಿಗೆ ಕೈಯಿಂದಲೇ ಮುಟ್ಟಿಸಬೇಕು, ಇಲ್ಲದಿದ್ದರೆ ಕಾಯಿ ಸರಿಯಾಗಿ ಕಟ್ಟುವುದಿಲ್ಲ. ಮಾಮ ಆ ಕೆಲಸದಲ್ಲಿ ಗಟ್ಟಿಗರು.

"ನಾನು ಯಾವ ಪಡಿಪ್ಪೂ ಇಲ್ದೆ ದಿನಾ ಇಪ್ಪತ್ತು ಸಾಲು ಹೂವಿಗೆ ಮದುವೆ ಮಾಡ್ತೀನಿ," ಅನ್ನುತ್ತಿದ್ದರು, ನಾನು ಕಾಲೇಜು ಸೇರಿದ ಮೇಲೆ. "ನಿಮ್ ಮೇಡಂ ಒಂದಕ್ಕಾದ್ರೂ ಮಾಡವ್ಳಾ, ಕೇಳು."

ಮೇಡಂ ಕೇಳಿದ ಪ್ರಶ್ನೆ ಹೊಲದ್ದಲ್ಲ, ಗುಡ್ಡದ್ದು. ಹೊಲಕ್ಕೆ ನೆಡಲು ಜನ ಗುಡ್ಡದ ಗೆಡ್ಡೆಗಳನ್ನು ಅಗೆದು ತರುತ್ತಾರೆ. ಹಾಗೆ ಅಗೆದರೂ ಕಾಡು ಗಿಡ ಎಷ್ಟು ಉಳಿಯುತ್ತದೆ? ಗುಡ್ಡದ ನಾಲ್ಕು ಜಾಗಗಳಲ್ಲಿ ಅರವತ್ತು ಗಿಡಕ್ಕೆ ಗುರುತು ಹಾಕಬೇಕು. ಮೊಳೆತಾಗಿನಿಂದ ಒಣಗುವವರೆಗೆ ಪ್ರತಿ ವಾರ ಹೋಗಿ ನೋಡಬೇಕು. ಕೊನೆಗೆ ಎಷ್ಟು ನಿಂತಿವೆ ಎಂದು ಬರೆಯಬೇಕು. ಕೇಳಿದಾಗ ಸುಲಭ ಅನಿಸಿತು. "ವರ್ಷಕ್ಕೆ ಒಂದೇ ಸಲ ಏಳುವ ಗಿಡ ಇದು," ಎಂದರು ಮೇಡಂ. "ಈ ಮಳೆಯಲ್ಲಿ ಕೆಟ್ಟರೆ ಇನ್ನೊಂದು ಮಳೆಯವರೆಗೆ ಕಾಯಬೇಕು. ನೆನಪಿರಲಿ."

ಇನ್ನೊಂದು ಮಳೆಯವರೆಗೆ ಮಾಮ ಕಾಯುವುದಿಲ್ಲ ಎಂಬುದು ನನಗೆ ಆ ಕ್ಷಣವೇ ನೆನಪಾಯಿತು.

ಆ ವರ್ಷ ಗಾಳಿಯ ತಿಂಗಳುಗಳು ಮುಗಿದರೂ ಮಳೆ ಬರಲಿಲ್ಲ. ಕಣಿವೆಯ ಪಶ್ಚಿಮದ ಬೆಟ್ಟಗಳ ಮೇಲೆ ಮೋಡ ಕಟ್ಟುವುದು, ಅಲ್ಲೇ ಸುರಿದು ಖಾಲಿಯಾಗುವುದು. ನಮ್ಮ ಕಡೆಗೆ ಬರೀ ತಂಪು ಗಾಳಿ. ಕೆಳಗೆ ಕಾಲುವೆ ನೀರಿನಲ್ಲಿ ಭತ್ತ ಹಸಿರಾಗಿದ್ದಾಗ ಅರ್ಧ ಗಂಟೆಯ ನಡಿಗೆಯ ಗುಡ್ಡ ಕಂದು ಬಣ್ಣದಲ್ಲೇ ನಿಂತಿತ್ತು. ಶನಿವಾರ ಶನಿವಾರ ಹೋಗಿ ಬರೀ ಕಲ್ಲು ನೋಡಿ ಬರುತ್ತಿದ್ದೆ. ಐಪ್ಪಸಿ ತಿಂಗಳ ಮೊದಲ ವಾರ, ಅಂದರೆ ಅಕ್ಟೋಬರ್ ಅರ್ಧ ಕಳೆದ ಮೇಲೆ, ಒಂದು ಮಧ್ಯಾಹ್ನ ಗುಡುಗು ಬಂತು. ಮೂರು ದಿನ ಬಿಡದೆ ಹೊಯ್ಯಿತು. ಎರಡು ವಾರದಲ್ಲಿ ಮುಳ್ಳು ಪೊದೆಗಳ ಒಳಗಿಂದ ಹಸಿರು ಮೂತಿಗಳು ಎದ್ದು ನಿಂತಿದ್ದವು.

ಮೊದಲು ಕಾಗದದ ಚೀಟಿ ಕಟ್ಟಿದೆ. ಆಡುಗಳು ತಿಂದವು. ಆಮೇಲೆ ನೂಲು ಕಟ್ಟಿದೆ. ಮಿಲ್ಲು ಬಿಡುವಾಗ ಜೊತೆಯ ಅಕ್ಕ ಒಬ್ಬಳು ರಟ್ಟಿನ ಕೊಳವೆಗೆ ಸುತ್ತಿದ ಅರ್ಧ ಕೋನ್ ಬಿಳಿ ನೂಲು ಕೊಟ್ಟಿದ್ದಳು, ಬಟ್ಟೆ ಹೊಲಿಯಲು ಇರಲಿ ಎಂದು. ಅದನ್ನೇ ನಾಲ್ಕೆಳೆ ಮಾಡಿ ಅರವತ್ತು ಗಿಡಕ್ಕೂ ಸುತ್ತಿದೆ. ನೋಟ್ ಪುಸ್ತಕದಲ್ಲಿ ಒಂದರಿಂದ ಅರವತ್ತು ಅಂಕಿ ಹಾಕಿದೆ.

ಕಾರ್ತಿಕ ತಿಂಗಳು ಮಾಮ ಊರಿಗೆ ಬಂದರು. ಆ ಮಳೆಗೆ ಅವರ ಹೊಲದಲ್ಲಿ ನೀರು ನಿಂತು ಅರ್ಧ ಗೆಡ್ಡೆ ಕೊಳೆತುಹೋಗಿತ್ತು. ಜಗಲಿಯ ಮೇಲೆ ಕೂತು ಅಜ್ಜಿಗೆ ಹೇಳುತ್ತಿದ್ದರು. ಗುಡ್ಡದ ಬುಡದ ಕೇರಿಯ ಹೆಂಗಸರಿಗೆ ಹೇಳಿದ್ದೇನೆ, ಈ ವಾರದಿಂದಲೇ ಅಗೆದು ಮೂಟೆ ಕಟ್ಟಿ ಕಳಿಸುತ್ತಾರೆ ಎಂದು. ಒಳಗೆ ಸಾರಿಗೆ ಹುಣಸೆ ಕಿವುಚುತ್ತಿದ್ದ ನಾನು ಹಾಗೇ ಕೈ ಝಾಡಿಸಿಕೊಂಡು ಹೊರಗೆ ಬಂದೆ.

"ಮಾಮ, ಯಾವ ಗುಡ್ಡ?"

"ಇರೋದೇ ಒಂದು ಗುಡ್ಡ. ಕಾಡಿನೋರ ಗಡಿ ಕಲ್ಲಿನ ಈಚೆ."

"ಅಲ್ಲಿ ನಾನು ಗುರುತು ಹಾಕೀನಿ. ನನ್ ಪರೀಕ್ಷೆ ಐತೆ ಅದ್ರಾಗೆ. ಈ ಒಂದು ವರ್ಷ ಬಿಡಿ ಮಾಮ."

ಅವರು ನಕ್ಕರು. ಕೆಟ್ಟ ನಗು ಅಲ್ಲ. ಮಕ್ಕಳ ಆಟಕ್ಕೆ ದೊಡ್ಡವರು ನಗುವ ಹಾಗೆ. "ನಿನ್ ಅರವತ್ತು ಬಿಟ್ಟು ಅಗೀರಿ ಅಂತ ಹೇಳ್ತೀನಿ. ಆದ್ರೆ ಗುದ್ದಲಿ ಹಿಡ್ದೋಳು ನೂಲು ನೋಡ್ತಾ ಕೂತಿರ್ತಾಳಾ? ನನ್ ಹೊಲ ಖಾಲಿ ಬಿದ್ದೈತೆ, ಪಾಪಾ. ನಂಗೂ ಒಂದೇ ಮಳೆ."

ಅವರ ಮಾತಿನಲ್ಲಿ ತಪ್ಪಿರಲಿಲ್ಲ. ಅದಕ್ಕೇ ಜಗಳವಾಡಲೂ ಆಗಲಿಲ್ಲ.

ಮುಂದಿನ ಶನಿವಾರ ಎಲ್ಲೂ ನಿಲ್ಲದೆ ಗುಡ್ಡ ಹತ್ತಿದೆ. ಮೊದಲ ಜಾಗದಲ್ಲೇ ಎರಡು ಗಿಡ ಇರಲಿಲ್ಲ. ಏಳು ಮತ್ತು ಹನ್ನೊಂದು. ಎರಡು ಹೊಸ ಗುಂಡಿ, ಪಕ್ಕದಲ್ಲಿ ಮಣ್ಣು ಮೆತ್ತಿದ ನನ್ನ ಬಿಳಿ ನೂಲು. ಉಳಿದ ಐವತ್ತೆಂಟು ಹೂವಿನ ಭಾರಕ್ಕೆ ತೂಗುತ್ತ ನಿಂತಿದ್ದವು. ಅಷ್ಟು ಚಂದದ ಹೂವುಗಳನ್ನು ಅಷ್ಟು ಹೆದರಿಕೆಯಿಂದ ಯಾರೂ ನೋಡಿರಲಾರರು. ಇನ್ನು ಆರು ವಾರ ಬಾಕಿ. ಹೀಗೆ ವಾರಕ್ಕೆ ಎರಡು ಹೋದರೂ ತೊಂದರೆಯಿಲ್ಲ, ಅದನ್ನೇ ಬರೆಯಬಹುದು. ಆದರೆ ಒಂದೇ ದಿನ ಬಂದು ಇಡೀ ಜಾಗ ಅಗೆದುಬಿಟ್ಟರೆ ನನ್ನ ಬಳಿ ಬರೆಯಲು ಗಿಡವೇ ಇರುವುದಿಲ್ಲ.

ಮನೆಗೆ ಬಂದು ಅಜ್ಜಿಯ ಮುಂದೆ ನೂಲಿನ ಕೋನ್ ಇಟ್ಟೆ. "ಅಜ್ಜೀ, ಬಿಳೀದು ಮಣ್ಣಿನಾಗೆ ಕಾಣಕಿಲ್ಲ. ಬಣ್ಣ ಬೇಕು. ಕೆಂಪು ಏನಾದ್ರೂ ಐತಾ?"

ಅಜ್ಜಿ ಕೋನನ್ನು ಕೈಯಲ್ಲಿ ತಿರುಗಿಸಿ ನೋಡಿದಳು. "ಕೆಂಪು ಮಳೇಗೆ ಬಿಡ್ತದೆ. ಮಂಜ ನಿಲ್ತದೆ. ಕೊಡು ಇಲ್ಲಿ."

ಮಂಜ ಅಂದರೆ ನಮ್ಮ ಮಾತಿನಲ್ಲಿ ಅರಿಶಿನ. ಹಸಿ ಕೊಂಬು ತೇದು, ಕಂಚಿನ ಬಟ್ಟಲಲ್ಲಿ ಕಲಸಿ, ನೂಲನ್ನು ಅದ್ದಿ, ಹಿಂಡಿ, ಹಿತ್ತಿಲ ನುಗ್ಗೆ ಮರಕ್ಕೆ ಹರವಿದಳು. ಮನೆಯೆಲ್ಲ ಆ ವಾಸನೆ. ಮಾರನೆಯ ದಿನವೇ ಹೋಗಿ ಐವತ್ತೆಂಟು ಗಿಡಕ್ಕೂ ಬಿಳಿ ಬಿಚ್ಚಿ ಹಳದಿ ಕಟ್ಟಿ ಬಂದೆ.

ಆಮೇಲೆ ಒಂದು ಗಿಡವೂ ಹೋಗಲಿಲ್ಲ.

ಚಳಿಯ ಮಾರ್ಗಳಿ ತಿಂಗಳು ಕಳೆಯಿತು, ಸಂಕ್ರಾಂತಿಯ ತೈ ತಿಂಗಳು ಬಂತು. ಹೂವು ಉದುರಿ ಕಾಯಿ ಕಟ್ಟಿ, ಕಾಯಿ ಒಣಗಿ ಒಡೆದು ಕೆಂಪು ಬೀಜ ತೋರಿಸಿತು. ವಾರ ವಾರ ಹೋಗುತ್ತಿದ್ದೆ, ಐವತ್ತೆಂಟೂ ನಿಂತಿರುತ್ತಿದ್ದವು. ಸುತ್ತ ಗುಂಡಿಗಳು ಮಾತ್ರ ಹೆಚ್ಚುತ್ತಿದ್ದವು. ಪುಸ್ತಕದ ಹಿಂದಿನ ಹಾಳೆಗಳಲ್ಲಿ ಅವನ್ನೂ ಎಣಿಸಿ ಗೀಟು ಹಾಕುತ್ತಿದ್ದೆ. ಯಾರೂ ಹೇಳಿರಲಿಲ್ಲ. ಮಿಲ್ಲಿನ ಅಭ್ಯಾಸ. ಅಲ್ಲಿ ಓಡುತ್ತಿರುವ ಎಳೆಯನ್ನು ಯಾರೂ ಕೇಳುವುದಿಲ್ಲ, ಎಷ್ಟು ಎಳೆ ತುಂಡಾಯಿತು ಎಂದೇ ಕೇಳುತ್ತಾರೆ. ಆದರೆ ಆ ಗೀಟುಗಳ ಅರ್ಥವೇನು ಎಂದು ನಾನು ಯೋಚಿಸಲಿಲ್ಲ. ಯೋಚಿಸಲು ಮನಸ್ಸಿರಲಿಲ್ಲ ಎಂದು ಹೇಳುವುದೇ ಸರಿ. ನನ್ನ ಅರವತ್ತರಲ್ಲಿ ಐವತ್ತೆಂಟು ಉಳಿದಿದ್ದವು. ಅಗೆತದಿಂದ ಈ ಗುಡ್ಡದ ಗಿಡಕ್ಕೆ ಹೇಳಿಕೊಳ್ಳುವಂಥ ಅಪಾಯವಿಲ್ಲ ಎಂದು ಬರೆದೆ. ಮೇಡಂ ಸಹಿ ಹಾಕಿದರು. ನೀಲಿ ರಟ್ಟು ಹಾಕಿಸಿ ಮೂರು ಪ್ರತಿ ಒಪ್ಪಿಸಿದೆ. ಮೌಖಿಕ ಪರೀಕ್ಷೆಗೆ ಮೂರು ವಾರ ಉಳಿದಿತ್ತು.

ಆ ಭಾನುವಾರ ನೂಲುಗಳನ್ನು ಬಿಚ್ಚಿ ತರೋಣ ಎಂದು ಗುಡ್ಡಕ್ಕೆ ಹೋದೆ. ಗುಡ್ಡದಲ್ಲಿ ಕಸ ಬಿಟ್ಟು ಬರಬಾರದು ಎಂದು ಮೇಡಂ ಹೇಳಿದ್ದರು. ನಾಲ್ಕೈದು ಬಿಚ್ಚಿರಬೇಕು, ಹಿಂದಿನಿಂದ ಯಾರೋ ಕೂಗಿದರು.

"ಏಯ್! ಏನು ಮಾಡ್ತಿದೀಯ ನೀನು?"

ಕೇರಿಯ ಕರುಪ್ಪಾಯಿ. ಅಗೆಯುವ ಹೆಂಗಸರಲ್ಲಿ ಹಿರಿಯಳು, ಸೌದೆ ಹೊರೆ ಇಳಿಸಿ ನಿಂತಿದ್ದಳು. ಅವಳು ಆಡಿದ್ದು ತಮಿಳು, ನಾನು ಅದನ್ನು ಕನ್ನಡದಲ್ಲಿ ಹೇಳುತ್ತಿದ್ದೇನೆ.

"ನೂಲು ಬಿಚ್ತಿದೀನಿ, ಅಕ್ಕಾ."

"ಪೂಜೆ ಆಯ್ತಾ? ಕೋಳಿ ಕೊಯ್ದಿರಾ, ಪೊಂಗಲ್ ಇಟ್ಟಿರಾ? ಸುಮ್ಮನೆ ಬಂದು ಕಾಪು ಬಿಚ್ತಿದೀಯಲ್ಲ, ಸಾಮಿ ಕಣ್ಣು ತೆಗೆಯಲ್ವಾ?"

"ಯಾವ ಕಾಪು?" ಹರಕೆ ಹೊತ್ತಾಗ ಕಟ್ಟಿ, ಪೂಜೆ ಮುಗಿದ ಮೇಲೆ ಬಿಚ್ಚುವ ಕಾವಲಿನ ನೂಲಿಗೆ ಕಾಪು ಅನ್ನುತ್ತಾರೆ.

"ನನ್ನೇ ಕೇಳ್ತೀಯಲ್ಲ, ತಾಯಿ! ನಿಮ್ಮ ಮನೆಯೋರು ಹರಕೆಗೆ ಬಿಟ್ಟ ಗಿಡ ಅಂತ ನಾವು ಒಂದಕ್ಕೂ ಗುದ್ದಲಿ ತಾಗಿಸಲಿಲ್ಲ. ಬುಡದವರೆಗೆ ಅಗೆದು ಬಂದು, ಮಂಜ ಕಂಡ ಕೂಡಲೇ ಕೈ ಮುಗಿದು ಪಕ್ಕಕ್ಕೆ ಹೋದ್ವಿ. ಪಕ್ಕದ್ದು ಒಂದೂ ಬಿಡಲಿಲ್ಲ, ಅದು ಬೇರೆ ಮಾತು."

ನಾನು ಹತ್ತಿರದ ಕಲ್ಲಿನ ಮೇಲೆ ಕೂತೆ. ಬಿಸಿಲಿಗೆ ಕಾದ ಕಲ್ಲು. ಏಳಬೇಕು ಅನಿಸಲಿಲ್ಲ.

ನನಗೆ ಗೊತ್ತಿರಲಿಲ್ಲ ಎಂದು ಬರೆದರೆ ಸುಳ್ಳಾಗುತ್ತದೆ. ನಮ್ಮವರು ದೇವರ ಮಂದೆಗೆ ಬಿಡುವ ಕರುವಿನ ಕೊರಳಿಗೆ ಅರಿಶಿನದ ನೂಲನ್ನೇ ಕಟ್ಟುವುದು. ಕಟ್ಟಿದ ಮೇಲೆ ಆ ಕರುವನ್ನು ಯಾರೂ ಮಾರುವಂತಿಲ್ಲ, ಹೊಡೆಯುವಂತಿಲ್ಲ, ಹೊಲಕ್ಕೆ ನುಗ್ಗಿದರೂ ಕೈ ಮುಗಿದು ಓಡಿಸಬೇಕು. ಹುಟ್ಟಿದಾಗಿನಿಂದ ನೋಡಿದ್ದೇನೆ. ಆದರೆ ಮಿಲ್ಲಿನ ನೂಲು, ಕಾಲೇಜಿನ ಪ್ರಾಜೆಕ್ಟ್, ನೋಟ್ ಪುಸ್ತಕದ ಅಂಕಿ, ಇವೆಲ್ಲ ಒಂದು ಲೋಕ, ದೇವರ ಕರು ಇನ್ನೊಂದು ಲೋಕ ಎಂದುಕೊಂಡಿದ್ದೆ. ಗುಡ್ಡದ ಮೇಲೆ ಎರಡಕ್ಕೂ ಒಂದೇ ನೂಲು. ಕಾವಲಿಟ್ಟ ಗಿಡಗಳನ್ನು ಎಣಿಸಿ, ಗುಡ್ಡಕ್ಕೆ ಅಪಾಯವಿಲ್ಲ ಎಂದು ಬರೆದು ಒಪ್ಪಿಸಿಬಿಟ್ಟಿದ್ದೆ.

ಮನೆಗೆ ಬಂದಾಗ ಅಜ್ಜಿ ಮೊರದಲ್ಲಿ ಅಕ್ಕಿ ಆರಿಸುತ್ತಿದ್ದಳು.

"ಅಜ್ಜೀ, ಮಂಜ ಹಾಕಿದ್ದು ಬಣ್ಣ ನಿಲ್ಲಲಿ ಅಂತಾನಾ?"

ಅವಳು ತಲೆ ಎತ್ತಲಿಲ್ಲ. "ನೀ ಬಣ್ಣ ಕೇಳ್ದೆ. ನಾ ಕಾವಲು ಕೊಟ್ಟೆ. ಗಿಡ ಉಳೀತಲ್ಲ?"

"ನನ್ ಪರೀಕ್ಷೆ ಹೋಯ್ತು, ಅಜ್ಜೀ!"

ಆಗ ತಲೆ ಎತ್ತಿದಳು. ಅವಳಿಗೆ ಅರ್ಥವಾಗಲಿಲ್ಲ. ಗಿಡ ಉಳಿದರೆ ಪರೀಕ್ಷೆ ಹೇಗೆ ಹೋಗುತ್ತದೆ? ಎರಡು ಸಲ ಬಿಡಿಸಿ ಹೇಳಿದೆ. ಮೂರನೆಯ ಸಲ ಹೇಳುವಾಗ ಅವಳ ಕೈ ಮೊರದ ಮೇಲೆ ನಿಂತುಹೋಯಿತು. "ನಾ ಕೆಡಿಸ್ದೆ ಅನ್ನು," ಅಂದಳು ಮೆಲ್ಲಗೆ. ಅಲ್ಲ ಎನ್ನಲು ನನಗೆ ಬಾಯಿ ಬರಲಿಲ್ಲ. ಆ ಒಂದು ಮೌನಕ್ಕೆ ಇವತ್ತಿಗೂ ನಾಚಿಕೆಯಾಗುತ್ತದೆ.

ಸೋಮವಾರ ಮೇಡಂ ಹತ್ತಿರ ಹೋದೆ. ಪೂರ್ತಿ ಕೇಳಿಸಿಕೊಂಡು ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. "ಸಹಿಯಾಗಿದೆ, ಬೈಂಡ್ ಆಗಿದೆ. ಈಗ ವಾಪಸ್ ತೆಗೆದರೆ ಈ ವರ್ಷದ ಪಟ್ಟಿಯಲ್ಲಿ ನಿನ್ನ ಹೆಸರಿರುವುದಿಲ್ಲ. ಹೊರಗಿನಿಂದ ಬರುವ ಪರೀಕ್ಷಕರಿಗೆ ನಿಮ್ಮೂರಿನ ನೂಲಿನ ಕತೆ ಗೊತ್ತಿಲ್ಲ." ಆಮೇಲೆ ನನ್ನನ್ನು ನೋಡದೆ ಅಂದರು, "ಏನು ಮಾಡು ಅಂತ ನಾನು ಹೇಳುವುದಿಲ್ಲ. ಯೋಚಿಸು."

ಮೂರು ವಾರ ಅದನ್ನೇ ಯೋಚಿಸಿದೆ. ಸುಮ್ಮನಿದ್ದರೆ ಡಿಗ್ರಿ. ಹೇಳಿದರೆ ಅರಿಯರ್, ಅರಿಯರ್ ಬಂದರೆ ವೇದಸಂದೂರಿನ ಮಿಲ್ಲು. ಯಾರಿಗೂ ಗೊತ್ತಾಗುವುದಿಲ್ಲ ನಿಜ. ಆದರೆ ನನ್ನ ನೀಲಿ ರಟ್ಟಿನ ಪುಸ್ತಕ ಯಾರೋ ಓದಿ, ಇನ್ನೂ ಅಗೆಯಿರಿ, ಏನೂ ಆಗುವುದಿಲ್ಲ ಎಂದರೆ? ಮಿಲ್ಲಿನಲ್ಲಿ ತುಂಡಾದ ಎಳೆ ಕಂಡೂ ಕಾಣದ ಹಾಗೆ ಮುಂದೆ ಹೋದವರನ್ನು ನಾನೇ ಬೈದಿದ್ದೆ.

ಪರೀಕ್ಷೆಯ ದಿನ ಬೆಳಿಗ್ಗೆ ಬಸ್ಸಿನಲ್ಲಿ ನಿಂತೇ ಹೋದೆ. ಚಿನ್ನಮನೂರು ದಾಟುವವರೆಗೆ ಸುಮ್ಮನಿದ್ದುಬಿಡುತ್ತೇನೆ ಎಂದುಕೊಂಡೆ, ದಾಟಿದ ಮೇಲೆ ಹೇಳಿಯೇಬಿಡುತ್ತೇನೆ ಎಂದುಕೊಂಡೆ. ಕಾಲೇಜಿನ ಮೆಟ್ಟಿಲು ಹತ್ತುವಾಗಲೂ ಯಾವುದೂ ಗಟ್ಟಿಯಾಗಿರಲಿಲ್ಲ.

ಪರೀಕ್ಷಕರು ದಿಂಡಿಗಲ್ ಕಡೆಯಿಂದ ಬಂದಿದ್ದ ವಯಸ್ಸಾದವರು. ಹೂವಿನ ಭಾಗಗಳು, ಗೆಡ್ಡೆ ವರ್ಷ ವರ್ಷ ಹೊಸದಾಗುವ ಬಗೆ, ಎಲ್ಲ ಕೇಳಿದರು. ಹೇಳಿದೆ. ತಲೆದೂಗಿ ಪುಸ್ತಕ ಮುಚ್ಚಿದರು. "ಒಳ್ಳೆಯ ಕೆಲಸ. ಹೋಗಮ್ಮ."

ಕುರ್ಚಿಯಿಂದ ಎದ್ದೆ. ಬಾಗಿಲು ನಾಲ್ಕು ಹೆಜ್ಜೆ. ಮೇಡಂ ಕಿಟಕಿಯ ಕಡೆ ನೋಡುತ್ತಿದ್ದರು.

"ಸಾರ್, ಕೊನೆಯ ಅಧ್ಯಾಯ ತಪ್ಪು," ಅಂದೆ.

ಪರೀಕ್ಷಕರು ಮುಚ್ಚಿದ್ದ ಪುಸ್ತಕವನ್ನು ಮತ್ತೆ ತೆರೆದರು. ಮತ್ತೆ ಕೂರಲು ಕೈಸನ್ನೆ ಮಾಡಿದರು. ನಾನು ಕೂರಲಿಲ್ಲ. ನಿಂತೇ ಎಲ್ಲ ಹೇಳಿದೆ, ಅಜ್ಜಿಯ ಬಟ್ಟಲು, ಕರುವಿನ ಕೊರಳು, ಕರುಪ್ಪಾಯಿ ಬೈದದ್ದು.

"ಹಾಗಾದರೆ ಆ ಗುಡ್ಡದಲ್ಲಿ ನಿಜವಾಗಿ ಏನಾಯಿತು ಎಂದು ನಿನಗೆ ಗೊತ್ತಿಲ್ಲ," ಅಂದರು.

"ಗುಂಡಿ ಎಣಿಸಿದೀನಿ, ಸಾರ್."

"ಏನು?"

ಚೀಲದಿಂದ ನೋಟ್ ಪುಸ್ತಕ ತೆಗೆದು ಹಿಂದಿನ ಹಾಳೆ ತೆರೆದು ಕೊಟ್ಟೆ. ವಾರ ವಾರದ ಗೀಟುಗಳು, ನಾಲ್ಕು ಜಾಗಕ್ಕೂ ಬೇರೆ ಬೇರೆ. ಮಳೆ ನೀರು ಬಿದ್ದು ಒಂದೆರಡು ಕಡೆ ಶಾಯಿ ಹರಡಿತ್ತು. ಅವರು ಬೆರಳಿಟ್ಟು ನಿಧಾನವಾಗಿ ಎಣಿಸಿದರು.

"ಇವೆಲ್ಲ ಕಣ್ವಲಿ ಅಗೆದ ಗುಂಡಿ ಅಂತ ಏನು ಖಾತ್ರಿ? ಹಂದಿ ಕೆದಕಿದ್ದಿರಬಹುದು."

"ಅಗೆದವರನ್ನು ಕೇಳಬಹುದು, ಸಾರ್. ಅಗೆಸಿದವರನ್ನೂ."

ಅವರು ಮೇಡಂ ಕಡೆ ತಿರುಗಿದರು. "ಹತ್ತು ದಿನ. ಅಷ್ಟರಲ್ಲಿ ಆ ಅಧ್ಯಾಯ ಸರಿಯಾಗಿ ಬಂದರೆ ನೋಡುತ್ತೇನೆ. ಬರದಿದ್ದರೆ ಮುಂದಿನ ವರ್ಷ."

ಅಗೆಸಿದವರು ನನ್ನ ಮಾಮ. ಆ ಹತ್ತು ದಿನದಲ್ಲಿ ಮೊದಲ ದಿನವೇ ವೇದಸಂದೂರಿನ ಬಸ್ಸು ಹತ್ತಿದೆ. ಹೊಲದಲ್ಲಿ ಒಣಗಿದ ಕಾಯಿ ಬಿಡಿಸುತ್ತಿದ್ದರು. ನನ್ನ ಕೈಯಲ್ಲಿ ಚೀಲ ನೋಡಿ, "ಬಂದ್ಬಿಟ್ಯಾ? ಮಿಲ್ಲಿಗೆ ನಾಳೆ ಹೋಗವಾ," ಅಂದರು.

"ಮಿಲ್ಲಿಗಲ್ಲ ಮಾಮ. ನಮ್ ಗುಡ್ಡದಿಂದ ಗೆಡ್ಡೆ ಯಾವ್ಯಾವ ವಾರ ಬಂತು, ಎಷ್ಟು ಮೂಟೆ ಬಂತು, ಹೇಳ್ಬೇಕು. ಬರ್ಕೊಳ್ಳಕ್ಕೆ."

"ಯಾಕೆ?"

ಹೇಳಿದೆ. ಕೈಯಲ್ಲಿದ್ದ ಕಾಯಿಗಳನ್ನು ಬುಟ್ಟಿಗೆ ಹಾಕಿ ಅವರು ಬದುವಿನ ಮೇಲೆ ಕೂತರು.

"ನನ್ ಮ್ಯಾಲೇ ಬರೀತೀಯ. ಅದ್ನ ನಾನೇ ಹೇಳ್ಕೊಡ್ಬೇಕು. ಅಷ್ಟೇ ಅಲ್ವಾ?"

"ನಿಮ್ ಹೆಸ್ರು ಬರಿಯಾಕಿಲ್ಲ, ಮಾಮ. ಗುಂಡಿ ಬರೀತೀನಿ."

"ಹೇಳ್ದೆ ಇದ್ರೆ?"

"ನೀವು ಹೇಳಿದ್ದೇ ಆಗ್ತದೆ. ಪಡಿಪ್ಪು ನಮ್ ಮನೆಗೆ ಆಗ್ದು."

ಅವರು ನನ್ನನ್ನು ನೋಡಿದರು. ತಲೆಯ ಟವೆಲ್ ಬಿಚ್ಚಿ ಮುಖ ಒರೆಸಿಕೊಂಡರು. "ಬಾಯಿ ಮಾತ್ರ ನಿಮ್ಮಜ್ಜಿದೇ," ಅಂದರು. ಆಮೇಲೆ ಕಣ್ಣು ಮುಚ್ಚಿ, ಬೆರಳು ಮಡಚುತ್ತ, ಒಂದೊಂದೇ ಹೇಳತೊಡಗಿದರು. ಓದು ಬರಹ ಏಳಕ್ಕೆ ಬಿಟ್ಟವರು. ಕಾರ್ತಿಕದ ದೀಪ ಕಳೆದ ಸಂತೆಗೆ ಎರಡು ಮೂಟೆ, ಅದರ ಮುಂದಿನ ಸಂತೆಗೆ ಮಳೆ ಬಂದು ಏನೂ ಬರಲಿಲ್ಲ, ಮಾರ್ಗಳಿಯ ಮೊದಲ ಸಂತೆಗೆ ಮೂರು. ನನ್ನ ಪುಸ್ತಕದ ಗೀಟುಗಳ ಪಕ್ಕ ಅದನ್ನು ಬರೆಯುತ್ತ ಹೋದೆ. ಗುಂಡಿ ಹೆಚ್ಚಿದ ವಾರವೇ ಮೂಟೆ ಹೆಚ್ಚಾಗಿತ್ತು. ಗುಂಡಿ ಇಲ್ಲದ ವಾರ ಮೂಟೆ ಇರಲಿಲ್ಲ. ಒಂದು ವಾರವೂ ತಪ್ಪಲಿಲ್ಲ.

"ಸರಿ ಬಂತಾ?" ಕೇಳಿದರು.

"ಬಂತು ಮಾಮ."

"ಬಂತು ಅಂದ್ರೆ ಗುಡ್ಡ ಖಾಲಿ ಮಾಡ್ದೋನು ನಾನೇ ಅಂತ." ಬುಟ್ಟಿ ಎತ್ತಿಕೊಂಡು ಹೊರಟರು. ನಾಲ್ಕು ಹೆಜ್ಜೆ ಹೋಗಿ, ತಿರುಗದೆ, "ಊಟ ಮಾಡ್ಕೊಂಡು ಹೋಗು. ಬಸ್ಸಿಗೆ ಹೊತ್ತೈತೆ," ಅಂದರು.

ಕರುಪ್ಪಾಯಿಯನ್ನು ಗುಡ್ಡಕ್ಕೆ ಕರೆದುಕೊಂಡು ಹೋಗಿ ಯಾವ ಗುಂಡಿ ಗುದ್ದಲಿಯದು, ಯಾವುದು ಹಂದಿಯದು ಎಂದು ತೋರಿಸಿಕೊಂಡೆ. ಹಂದಿಯದು ಒಂಬತ್ತು, ಅವನ್ನು ತೆಗೆದುಹಾಕಿದೆ. ಹೊಸ ಅಧ್ಯಾಯವನ್ನು ಒಂಬತ್ತನೆಯ ದಿನ ಒಪ್ಪಿಸಿದೆ. ನೂಲು ಕಟ್ಟಿದವು ಉಳಿದಿವೆ, ಕಟ್ಟದವು ಬಹುಪಾಲು ಹೋಗಿವೆ ಎಂದು ಬರೆದೆ. ನೂಲಿಗೆ ಬಣ್ಣ ಹಾಕಿದ್ದು ಯಾರು, ಆ ಬಣ್ಣಕ್ಕೆ ಜನ ಏಕೆ ಕೈ ಮುಗಿದರು ಎಂದೂ ಬರೆದೆ. ಧನ್ಯವಾದ ಹೇಳುವ ಪುಟದಲ್ಲಿ ಅಜ್ಜಿಯ ಹೆಸರು ಹಾಕಿದೆ. ಫಲಿತಾಂಶ ಬರುವವರೆಗಿನ ಐದು ವಾರ ಹೇಗಿತ್ತು ಎಂದು ಬರೆಯಲು ಹೋಗುವುದಿಲ್ಲ. ಅವ್ವ ದಿನವೂ ತೋಟದಿಂದ ಬಂದು ನನ್ನ ಮುಖ ನೋಡಿ ಏನೂ ಕೇಳದೆ ಒಳಗೆ ಹೋಗುತ್ತಿದ್ದಳು. ಅರಿಯರ್ ಇಲ್ಲ ಎಂದು ಫೋನಿನಲ್ಲಿ ಕಂಡ ದಿನ ಮಾತ್ರ ಒಳಗೆ ಹೋಗಲಿಲ್ಲ, ಬಾಗಿಲಲ್ಲೇ ಕೂತುಬಿಟ್ಟಳು.

ಪದವಿ ಪತ್ರ ಕೊಡುವ ದಿನ ಕಾಲೇಜಿಗೆ ಮೂವರೂ ಬಂದರು. ಅವ್ವ, ಅಜ್ಜಿ, ಬಿಳಿ ಅಂಗಿ ಬಿಳಿ ಪಂಚೆಯ ಮಾಮ. ವೇದಿಕೆಯಿಂದ ಇಳಿದು ಬಂದು ಪತ್ರವನ್ನು ನೇರವಾಗಿ ಅಜ್ಜಿಯ ಕೈಗೆ ಕೊಟ್ಟೆ. ತಲೆಕೆಳಗಾಗಿ ಹಿಡಿದು ನೋಡಿದಳು. ಮಾಮ ತಿರುಗಿಸಿ ಕೊಟ್ಟು, ತಾವೂ ಬಗ್ಗಿ ನೋಡಿ, "ಇದ್ರಾಗೆ ನನ್ ಮೂಟೆ ಕತೆ ಬರ್ದವ್ರಾ?" ಅಂದರು.

ಅಜ್ಜಿ ಪತ್ರವನ್ನು ಸುರುಳಿ ಸುತ್ತಿದಳು. ಸೊಂಟದ ಚೀಲಕ್ಕೆ ಕೈ ಹಾಕಿ ಒಂದು ಮೊಳ ಹಳದಿ ನೂಲು ತೆಗೆದಳು. ಅದೇ ಕೋನಿನದು, ನುಗ್ಗೆ ಮರದ ಮೇಲೆ ಒಣಗಿದ್ದು. ಮಗನ ಮುಂದೆ ಹಿಡಿದಳು.

"ತಾಯ್ಮಾಮ ಕಟ್ಬೇಕು. ಕಟ್ಟು, ಬೊಮ್ಮಯ್ಯಾ."

ಮಾಮ ಸುತ್ತ ನೋಡಿದರು. ನೂಲು ಇಸಿದುಕೊಂಡು, ಹೂವಿಗೆ ಹೂವು ಮುಟ್ಟಿಸುವ ಅದೇ ಬೆರಳುಗಳಲ್ಲಿ, ಕಾಗದ ಮುರುಟದ ಹಾಗೆ ಎರಡು ಸುತ್ತು ಹಾಕಿ ಗಂಟು ಬಿಗಿದರು.

"ಅವ್ವಾ, ಎಲ್ಲಾ ಮುಗುದ ಮ್ಯಾಲೆ ಕಾಪು ಬಿಚ್ಚೋದಲ್ವಾ? ನೀನು ಕಟ್ಟು ಅಂತೀಯಲ್ಲ?"

ಅಜ್ಜಿ ಸುರುಳಿಯನ್ನು ಅವರ ಕೈಯಿಂದ ತೆಗೆದುಕೊಂಡು ನನಗೆ ಕೊಟ್ಟಳು.

"ಮುಗೀತು ಅಂತ ನಿಂಗೆ ಯಾರು ಹೇಳಿದ್ರು?"